ಹಲಗೆ ತೆರೆಯದ ಬೆಳಿಗ್ಗೆ

ಅಕ್ಕನ ಮಾತು ಮೊದಲು ತೊದಲಿದ್ದು ತರಗತಿಯಲ್ಲಿ. ನಾಗಪುರದ ಒಂದು ಮರಾಠಿ ಶಾಲೆಯಲ್ಲಿ ಅವಳು ಗಣಿತ ಕಲಿಸುತ್ತಿದ್ದಳು. ಬೀಜಗಣಿತದ ಲೆಕ್ಕ ಬಿಡಿಸುತ್ತಿದ್ದಾಗ ಯಾವುದೋ ಒಂದು ಪದಕ್ಕೆ ನಾಲಿಗೆ ಹೊರಳಲಿಲ್ಲ. ಮಕ್ಕಳು ನಕ್ಕರು, ಅವಳೂ ನಕ್ಕಳು. ಮನೆಗೆ ಬಂದು ನನಗೆ ಫೋನ್ ಮಾಡಿ, "ನಾಲಿಗಿ ದಪ್ಪ ಆದಂಗ ಆಗೇತಿ ನೋಡ. ಬಾಯಾಗ ಬ್ಯಾರೆ ಯಾರದೋ ನಾಲಿಗಿ ಇಟ್ಟಂಗ ಅನಸ್ತೈತಿ" ಎಂದಳು. ಆಯಾಸ ಇರಬೇಕು ಎಂದುಕೊಂಡೆವು. ಚಳಿಗಾಲ ಕಳೆಯುವಷ್ಟರಲ್ಲಿ ಅವಳ ಕೈಯಿಂದ ಸೀಮೆಸುಣ್ಣ ಜಾರತೊಡಗಿತು.

ಹಲವು ಪರೀಕ್ಷೆಗಳಾದ ಮೇಲೆ ನರರೋಗದ ವೈದ್ಯರು ನಮ್ಮನ್ನೆಲ್ಲ ಕೂರಿಸಿಕೊಂಡು ಹೇಳಿದರು. ಸ್ನಾಯುಗಳನ್ನು ಆಡಿಸುವ ನರಗಳು ಒಂದೊಂದಾಗಿ ಸಾಯುವ ಕಾಯಿಲೆ ಇದು. ಕೈಕಾಲು, ಮಾತು, ನುಂಗುವ ಶಕ್ತಿ, ಕೊನೆಗೆ ಉಸಿರು, ಹೀಗೆ ಎಲ್ಲ ಹೋಗುತ್ತದೆ. ಬುದ್ಧಿ ಮಾತ್ರ ಇದ್ದ ಹಾಗೇ ಇರುತ್ತದೆ. ಆ ಕೊನೆಯ ಮಾತನ್ನು ಅವರು ಸಮಾಧಾನ ಎಂಬಂತೆ ಹೇಳಿದರು. ಅಕ್ಕ ಅದನ್ನು ಹಾಗೆ ಕೇಳಿಸಿಕೊಳ್ಳಲಿಲ್ಲ ಎಂದು ಅವಳ ಮುಖ ನೋಡಿದ ನನಗೆ ಗೊತ್ತಾಯಿತು.

ನಮ್ಮ ಅಪ್ಪ ಕೇಂದ್ರ ಸರ್ಕಾರದ ನೌಕರಿ ಹಿಡಿದು ಧಾರವಾಡದ ಕಡೆಯಿಂದ ನಾಗಪುರಕ್ಕೆ ಬಂದವರು. ನಾವಿಬ್ಬರೂ ಇಲ್ಲೇ ಬೆಳೆದೆವು. ಬೀದಿಯಲ್ಲಿ ಹಿಂದಿ, ಶಾಲೆಯಲ್ಲಿ ಮರಾಠಿ, ಅಡುಗೆಮನೆಯಲ್ಲಿ ಕನ್ನಡ. ನನಗೆ ಕನ್ನಡ ಓದಲು, ಬರೆಯಲು ಕಲಿಸಿದವಳು ಅಕ್ಕ. ಅವಳ ಗಂಡ, ನನ್ನ ಭಾವ, ವಿಜಯಪುರದ ಕಡೆಯವರು. ಬುಟಿಬೋರಿಯ ಒಂದು ಕಾರ್ಖಾನೆಯಲ್ಲಿ ಪಾಳಿ ಮೇಲ್ವಿಚಾರಕರು. ಅವರಿಗೆ ಒಬ್ಬಳೇ ಮಗಳು, ಕಾಲೇಜಿನಲ್ಲಿ ಒಳಾಂಗಣ ವಿನ್ಯಾಸ ಓದುತ್ತಿದ್ದಳು. ಕನ್ನಡ ಚೆನ್ನಾಗಿಯೇ ಮಾತಾಡುತ್ತಾಳೆ, ಆದರೆ ಓದುವಾಗ ಅಕ್ಷರ ಕೂಡಿಸಿಕೊಂಡು ತಡವರಿಸುತ್ತಾಳೆ. ಮೂವರೂ ಲಕ್ಷ್ಮೀ ನಗರದ ಒಂದು ಫ್ಲ್ಯಾಟಿನಲ್ಲಿದ್ದರು. ನಾನು ಅಲ್ಲಿಂದ ಸ್ಕೂಟರಿನಲ್ಲಿ ಸ್ವಲ್ಪವೇ ದೂರದಲ್ಲಿದ್ದೆ.

ನನ್ನದು ಸಾಫ್ಟ್‌ವೇರ್ ಕೆಲಸ, ಆದರೆ ಜನ ಅಂದುಕೊಳ್ಳುವಂಥ ದೊಡ್ಡ ಗಾಜಿನ ಕಟ್ಟಡದ್ದಲ್ಲ. ನಾಗಪುರದ ಅಂಚಿನ ವಾಡಿಯ ಗೋದಾಮುಗಳಿಗೆ ಬೇಕಾದ ಪ್ರೋಗ್ರಾಮು ಬರೆಯುವ ಸಣ್ಣ ಕಚೇರಿ. ಯಾವ ಲಾರಿ ಬಂತು, ಎಷ್ಟು ಮಾಲು ಇಳಿಯಿತು ಎಂದು ಗುಮಾಸ್ತರು ತುಂಬುವ ಪರದೆಗಳನ್ನು ಮಾಡುವುದು ನನ್ನ ಪಾಲಿನ ಕೆಲಸ. ಹಾಗಾಗಿ ಅಕ್ಕನ ದನಿ ಹೋಗುವ ಮುಂಚೆ ಅವಳಿಗೊಂದು ಮಾತಿನ ಪರದೆ ಮಾಡಿಕೊಡುತ್ತೇನೆ ಎಂದಾಗ ಯಾರೂ ಆಶ್ಚರ್ಯಪಡಲಿಲ್ಲ.

ಆ ಕೆಲಸಕ್ಕೆ ಕೂತ ಭಾನುವಾರಗಳು ಅಷ್ಟು ದುಃಖದವಾಗಿರಲಿಲ್ಲ. ಅಕ್ಕ ಸೋಫಾದ ಮೇಲೆ, ಮಗಳು ಅವಳ ಬಾಯಿಯ ಹತ್ತಿರ ಮೈಕ್ ಹಿಡಿದು, ನಾನು ಲ್ಯಾಪ್‌ಟಾಪಿನ ಮುಂದೆ. ಯಾವ ಯಾವ ಮಾತು ಬೇಕಾಗುತ್ತದೆ ಎಂದು ಅಕ್ಕನೇ ಹೇಳುತ್ತಿದ್ದಳು. "ನೀರ ಕೊಡ್ರಿ." "ಫ್ಯಾನ್ ಸಣ್ಣ ಮಾಡ್ರಿ." "ಬ್ಯಾಡ." "ಬೆನ್ನ ತುರಸ್ತೈತಿ." ಪ್ರತಿಯೊಂದನ್ನೂ ಅವಳದೇ ದನಿಯಲ್ಲಿ ಹಿಡಿದಿಟ್ಟೆವು. ಆಗಲೇ ದನಿ ಸ್ವಲ್ಪ ಜೋಲುತ್ತಿತ್ತು. ಕೊನೆಗೆ ಅವಳು, "ಇವ್ರನ್ನ ಬೈಯಾಕೂ ಒಂದ್ ನಾಕ ಮಾತ ಹಾಕು. ಬರೇ ಬೇಡೂದು ಅಂದ್ರ ಭಿಕ್ಷುಕರಂಗ ಆಗ್ತೈತಿ" ಎಂದು ಭಾವನ ಕಡೆ ಕಣ್ಣು ಹೊಡೆದಳು. ಹಾಕಿದೆ.

ಅವಳ ಬಲಗೈಯ ಒಂದೇ ಬೆರಳು ಇನ್ನೂ ಆಡುತ್ತಿತ್ತು. ಅದರ ಕೆಳಗೆ ಒಂದು ಮೆತ್ತನೆಯ ಸ್ವಿಚ್ಚಿಟ್ಟೆ. ಪರದೆಯ ಮೇಲಿನ ದೊಡ್ಡ ದೊಡ್ಡ ಬಟನ್ನುಗಳ ಮೇಲೆ ಒಂದು ಹಳದಿ ಚೌಕ ನಿಧಾನವಾಗಿ ಸರಿಯುತ್ತ ಹೋಗುತ್ತದೆ. ಬೇಕಾದ ಮಾತಿಗೆ ಬಂದಾಗ ಅವಳು ಬೆರಳು ಒತ್ತಿದರೆ ಅವಳದೇ ದನಿ ಕೇಳಿಸುತ್ತದೆ. ಬೇರೆ ಏನಾದರೂ ಹೇಳಬೇಕಿದ್ದರೆ ಅಕ್ಷರ ಅಕ್ಷರ ಆರಿಸಿ ಬರೆಯಬಹುದು. ಅದಕ್ಕೆ ಅವಳು "ಹಲಗಿ" ಎಂದು ಹೆಸರಿಟ್ಟಳು. ಮರಾಠಿಯಲ್ಲಿ ಮಾಡಲೇ ಎಂದು ಕೇಳಿದ್ದೆ, ಮಗಳಿಗೆ ಓದಲು ಸುಲಭವಾದೀತು ಎಂದು. "ನಾ ಸಂಕಟ ಪಡೂದು ಕನ್ನಡದಾಗ" ಎಂದಳು. ಅಲ್ಲಿಗೆ ಆ ಮಾತು ಮುಗಿಯಿತು.

ಹಲಗೆ ಪೂರ್ತಿಯಾಗಿ ಅವಳ ಮುಂದೆ ಬರುವ ಮುಂಚೆಯೇ ದನಿ ಹೋಗಿತ್ತು, ಆ ಕೆಲವು ವಾರ ನಾವು ಕಣ್ಣಿನಲ್ಲೇ ಸುಧಾರಿಸಿದ್ದೆವು. ಹೌದು ಅಂದರೆ ಕಣ್ಣು ಮೇಲೆತ್ತುವುದು, ಬೇಡ ಅಂದರೆ ರೆಪ್ಪೆ ಮುಚ್ಚಿ ಹಿಡಿಯುವುದು. ನಾವು ಕೇಳಬೇಕು, ಅವಳು ಉತ್ತರಿಸಬೇಕು. ಹಲಗೆ ಬಂದ ಮೇಲೆ ಅದು ತಾನಾಗಿಯೇ ಬಿಟ್ಟುಹೋಯಿತು. ಮನೆಯಲ್ಲಿ ಅವಳ ದನಿ ಮತ್ತೆ ಕೇಳಿಸುತ್ತಿರುವಾಗ ಕಣ್ಣು ನೋಡುತ್ತ ಕೂರುವವರು ಯಾರು?

ಮಳೆಗಾಲ ಮುಗಿಯುವ ಹೊತ್ತಿಗೆ ಅಕ್ಕನಿಗೆ ನುಂಗುವುದು ಕಷ್ಟವಾಯಿತು. ಗಂಜಿಯೂ ಗಂಟಲಲ್ಲಿ ನಿಂತು ಕೆಮ್ಮು ಬರುತ್ತಿತ್ತು. ಹೊಟ್ಟೆಗೆ ನೇರವಾಗಿ ಒಂದು ನಳಿಕೆ ಹಾಕಿಸಿ, ಅದರಿಂದಲೇ ಆಹಾರ ಕೊಡಬಹುದು ಎಂದರು ವೈದ್ಯರು. ಉಸಿರು ಇನ್ನೂ ದುರ್ಬಲವಾದರೆ ಆಮೇಲೆ ಅದೂ ಆಗುವುದಿಲ್ಲ, ಬೇಗ ನಿರ್ಧಾರ ಮಾಡಿ ಎಂದರು. ಭಾವ ಅವತ್ತೇ ಹೂಂ ಅನ್ನುವವರಿದ್ದರು. ಅಕ್ಕ ಸುಮ್ಮನಿದ್ದಳು. ಕೆಲವು ದಿನ ಬಿಟ್ಟು ಭಾವ ಮತ್ತೆ ಕೇಳಿದಾಗ ನಾನೂ ಅಲ್ಲಿದ್ದೆ. ಅವಳು ಹಲಗೆಯ ಮೇಲೆ ಅಕ್ಷರ ಆರಿಸಿ ಬರೆದಳು: "ನಾಳೆ ಮುಂಜಾನೆ ಹೇಳ್ತೀನಿ."

ಭಾವನಿಗೆ ತಡೆದುಕೊಳ್ಳಲಾಗಲಿಲ್ಲ. "ಹೇಳೂದು ಏನ ಐತಿ ಇದರಾಗ? ಹಸದು ಸಾಯ್ತೀಯೇನು?" ಎಂದರು. ಅಕ್ಕ ಅವರನ್ನೇ ನೋಡಿದಳು.

ಅದೇ ಸಂಜೆ ನಾನು ಹೊರಟ ಮೇಲೆ ಮಗಳು ತನ್ನ ಕಾಲೇಜಿನ ಕೆಲಸಕ್ಕೆ ಹಲಗೆ ಇದ್ದ ಅಮ್ಮನ ಲ್ಯಾಪ್‌ಟಾಪ್ ತೆಗೆದುಕೊಂಡಳು. ಅವಳ ಸ್ವಂತದ್ದು ಕೆಟ್ಟು ರಿಪೇರಿಗೆ ಹೋಗಿತ್ತು. ಅಮ್ಮನನ್ನು ಕೇಳಿಯೇ ತೆಗೆದುಕೊಂಡಳು. ನಕ್ಷೆ ಬಿಡಿಸುವ ಒಂದು ಉಚಿತ ಪ್ರೋಗ್ರಾಮನ್ನು ಅದರಲ್ಲಿ ಹಾಕಿಕೊಂಡಳು. ಕಂಪ್ಯೂಟರು ಕೇಳಿದ ಕಡೆಯಲ್ಲೆಲ್ಲ, ಎಲ್ಲರೂ ಮಾಡುವ ಹಾಗೆ, ಹೌದು ಎಂದು ಒತ್ತಿದಳು. ಕೆಲಸ ಮುಗಿಸಿ ಮುಚ್ಚಿಟ್ಟಳು.

ಮರುದಿನ ಬೆಳಿಗ್ಗೆ ನಾನು ವಾಡಿಯಲ್ಲಿ ಒಂದು ಗೋದಾಮಿನ ಕಚೇರಿಯಲ್ಲಿದ್ದೆ. ಮಗಳ ಫೋನ್ ಬಂತು. ಮರಾಠಿಯವರ ಹಾಗೆ ಅವಳು ಚಿಕ್ಕಮ್ಮನಾದ ನನ್ನನ್ನು ಮೌಶಿ, ಅಮ್ಮನನ್ನು ಆಯಿ, ಅಪ್ಪನನ್ನು ಬಾಬಾ ಎನ್ನುತ್ತಾಳೆ.

"ಮೌಶಿ, ಆಯಿದು ಹಲಗಿ ಓಪನ್ ಆಗವಲ್ದು. ಒತ್ತಿದ್ರ ಒಂದ್ ಸಲ ಮಿಂಚಿ ಬಂದ್ ಆಗ್ತೈತಿ."

"ಏನರ ಬರದ ತೋರಸ್ತೈತೇನು?"

ಅವಳು ಪರದೆಯ ಮೇಲಿನ ಇಂಗ್ಲಿಷ್ ಸಾಲನ್ನು ಓದಿದಳು. ಹಲವು ಪ್ರೋಗ್ರಾಮುಗಳು ಹಂಚಿಕೊಳ್ಳುವ ಒಂದು ಫೈಲು ಸಿಗುತ್ತಿಲ್ಲ ಎಂದಿತ್ತು. ಅದರ ಹೆಸರು ಕೇಳಿದ ಕೂಡಲೇ ನನಗೆ ವಿಷಯ ತಿಳಿಯಿತು.

ನಮ್ಮ ಕಸುಬಿನಲ್ಲಿ ಯಾರೂ ಒಂದು ಬಟನ್ನನ್ನು ಮೊದಲಿನಿಂದ ಬಿಡಿಸುವುದಿಲ್ಲ. ಪರದೆಯ ಮೇಲೆ ಕಿಟಕಿ ಮೂಡಿಸುವುದು, ಬಟನ್ ಒತ್ತಿದಾಗ ಅದು ಒಳಗೆ ಹೋದಂತೆ ತೋರಿಸುವುದು, ಅಕ್ಷರ ಜೋಡಿಸುವುದು, ಇವನ್ನೆಲ್ಲ ಬೇರೆ ಯಾರೋ ಎಂದೋ ಬರೆದು ಕೆಲವು ಫೈಲುಗಳಲ್ಲಿ ತುಂಬಿಟ್ಟಿರುತ್ತಾರೆ. ಲೈಬ್ರರಿ ಎನ್ನುತ್ತೇವೆ. ಕಂಪ್ಯೂಟರಿನಲ್ಲಿ ಅವು ಒಂದೇ ಕಡೆ ಇರುತ್ತವೆ, ಹತ್ತಾರು ಪ್ರೋಗ್ರಾಮುಗಳು ಅವನ್ನೇ ಬಳಸುತ್ತವೆ. ಅಪಾರ್ಟ್‌ಮೆಂಟಿನ ಮನೆಗಳಿಗೆಲ್ಲ ಮೇಲಿನ ಒಂದೇ ಟ್ಯಾಂಕಿನಿಂದ ನೀರು ಬಂದ ಹಾಗೆ. ಅಕ್ಕನ ಹಲಗೆಗೆ ಅದರ ಹಳೆಯ ಆವೃತ್ತಿ ಬೇಕಿತ್ತು. ಮಗಳು ಹಾಕಿಕೊಂಡ ನಕ್ಷೆಯ ಪ್ರೋಗ್ರಾಮಿಗೆ ಹೊಸದು ಬೇಕಿತ್ತು. ಹೊಸದು ಬಂದು ಕೂತಿತು, ಹಳೆಯದನ್ನು ಕಂಪ್ಯೂಟರು ತೆಗೆದುಹಾಕಿತು. ಹಲಗೆಯಲ್ಲಿ ಏನೂ ಕೆಟ್ಟಿರಲಿಲ್ಲ. ಅದು ನಿಂತಿದ್ದ ನೆಲ ಮಾತ್ರ ಇರಲಿಲ್ಲ.

"ಗಾಬರಿ ಆಗಬ್ಯಾಡ, ಹಳೇ ಫೈಲು ನನ್ನ ಆಫೀಸಿನ ಕಂಪ್ಯೂಟರದಾಗ ಐತಿ, ತಗೊಂಡ ಬರ್ತೀನಿ" ಎಂದೆ. ಅವಳು ಉತ್ತರ ಕೊಡುವ ಮೊದಲೇ ಹಿಂದಿನಿಂದ ಕೆಮ್ಮು ಕೇಳಿಸಿತು, ಆಮೇಲೆ ಭಾವನ ಕೂಗು. ಫೋನು ಕಡಿಯಿತು.

ಮತ್ತೆ ಮತ್ತೆ ಮಾಡಿದೆ, ಯಾರೂ ಎತ್ತಲಿಲ್ಲ. ಸ್ಕೂಟರ್ ಹತ್ತಿ ನನ್ನ ಕಚೇರಿಗೆ ಹೋಗಿ, ಬೇಕಾದ ಫೈಲುಗಳನ್ನು ಪೆನ್‌ಡ್ರೈವಿಗೆ ಹಾಕಿಕೊಳ್ಳುವಾಗ ಮಗಳ ಸಂದೇಶ ಬಂತು. ಬೆಳಗಿನ ಗಂಜಿ ಗಂಟಲಿಗೆ ಸಿಕ್ಕಿ ಅಮ್ಮ ನೀಲಿಯಾಗಿದ್ದಳು, ಈಗ ಆಸ್ಪತ್ರೆಯಲ್ಲಿದ್ದಾಳೆ, ಉಸಿರಾಡುತ್ತಿದ್ದಾಳೆ. ಲ್ಯಾಪ್‌ಟಾಪ್ ತಂದಿದ್ದೀಯಾ ಎಂದು ಕೇಳಿದೆ. ತಂದಿದ್ದಳು.

ಅಮರಾವತಿ ರಸ್ತೆಯಲ್ಲಿ ಲಾರಿಗಳು ಒಂದರ ಹಿಂದೊಂದು ನಿಂತಿದ್ದವು. ಒಂದು ಟ್ರೇಲರ್ ಅಡ್ಡ ತಿರುಗಿ ಸಿಕ್ಕಿಹಾಕಿಕೊಂಡಿತ್ತು. ನಾನು ಲಾರಿಗಳ ಸಂದಿಯಲ್ಲಿ ಸ್ಕೂಟರ್ ನೂಕುತ್ತ, ಜೇಬಿನಲ್ಲಿದ್ದ ಪೆನ್‌ಡ್ರೈವನ್ನು ಮತ್ತೆ ಮತ್ತೆ ಮುಟ್ಟಿ ನೋಡಿಕೊಳ್ಳುತ್ತಿದ್ದೆ. ನಾನು ಆಸ್ಪತ್ರೆ ಸೇರುವಷ್ಟರಲ್ಲಿ ಅಕ್ಕನನ್ನು ಒಳಗೆ ಕರೆದುಕೊಂಡು ಹೋಗಿ, ಹೊಟ್ಟೆಗೆ ನಳಿಕೆ ಹಾಕಿ ಆಗಿತ್ತು.

ಹೊರಗಿನ ಬೆಂಚಿನಲ್ಲಿ ಮಗಳು ಲ್ಯಾಪ್‌ಟಾಪನ್ನು ಎದೆಗೆ ಒತ್ತಿಕೊಂಡು ಕೂತಿದ್ದಳು. ಕಣ್ಣು ಕೆಂಪಾಗಿತ್ತು.

"ಮೌಶಿ, ನಾ ಕೆಡಿಸಿದೆ. ಮಾಝ್ಯಾಮುಳೆ ಝಾಲಂ," ಎಂದಳು. ನನ್ನಿಂದಲೇ ಆಯಿತು ಎಂದು ಮರಾಠಿಯಲ್ಲಿ. ಅಳು ಬಂದಾಗ ಅವಳಿಗೆ ಮರಾಠಿಯೇ ಬರುತ್ತದೆ.

"ನೀ ಏನೂ ಕೆಡಿಸಿಲ್ಲ. ಒಂದ್ ಪ್ರೋಗ್ರಾಮ್ ಹಾಕ್ಕೊಂಡಿ, ಅಷ್ಟ. ಯಾರ್ ಹಾಕಿದ್ರೂ ಹಿಂಗ ಆಗ್ತಿತ್ತು."

"ಆಯಿ ಮುಂಜಾನೆ ಎದ್ದ ಕೂಡ್ಲೆ ಹಲಗಿ ಕಡೆ ನೋಡಿದ್ಲು. ಏನೋ ಹೇಳೂದಿತ್ತು ಅಕಿಗೆ. ನಾ ಓಪನ್ ಮಾಡ್ತೀನಿ, ಮಾಡ್ತೀನಿ ಅಂತ ಕೂತೆ. ಬಾಬಾ ಅಷ್ಟರಾಗ ಗಂಜಿ ತಗೊಂಡು ಬಂದ್ರು."

ಅವಳನ್ನು ಹಿಡಿದುಕೊಂಡು ಕೂತೆ. ಸ್ವಲ್ಪ ಹೊತ್ತಿಗೆ ಅವಳು ಇನ್ನೊಂದು ಮಾತು ಹೇಳಿದಳು. ಒಳಗೆ ವೈದ್ಯರು, ಈಗಲೇ ನಳಿಕೆ ಹಾಕುವುದು ಒಳ್ಳೆಯದು, ಉಸಿರು ಇನ್ನೂ ಅದನ್ನು ತಡೆದುಕೊಳ್ಳುವಷ್ಟಿದೆ ಎಂದಾಗ, ಭಾವ ಅಕ್ಕನ ಮುಖದ ಹತ್ತಿರ ಬಗ್ಗಿ ಕೇಳಿದರಂತೆ: "ಹಾಕಸೂಣೇನು?" ಅಕ್ಕ ಕಣ್ಣು ಮುಚ್ಚಿದಳಂತೆ.

"ಎಷ್ಟ ಹೊತ್ತು?" ಎಂದು ಕೇಳಿದೆ.

"ಭಾಳ ಹೊತ್ತು ಮೌಶಿ. ಬಾಬಾ ಆಮ್ಯಾಲೆ ಡಾಕ್ಟರಿಗೆ ಹೂಂ ಅಂದ್ರು."

ಭಾವ ಕಾರಿಡಾರಿನ ತುದಿಯಲ್ಲಿ ಕಾರ್ಖಾನೆಯ ಸಮವಸ್ತ್ರದಲ್ಲೇ ನಿಂತಿದ್ದರು. ಬೆಳಗಿನ ಬಸ್ಸಿಗೆ ಹೊರಟವರು ಹಾಗೇ ಬಂದಿದ್ದರು. ನಾನು ಹತ್ತಿರ ಹೋದಾಗ ಅವರೇ ಮಾತು ತೆಗೆದರು.

"ಸುಸ್ತಾಗಿ ಕಣ್ಣ ಮುಚ್ಚಿದ್ಲು ಅನಕೊಂಡೆ."

ನಾನು ಅವರ ಪಕ್ಕ ಗೋಡೆಗೆ ಒರಗಿ ನಿಂತೆ.

"ಮತ್ತ ಏನ ಮಾಡಬೇಕಿತ್ತು ಹೇಳು? ನೀಲಿ ಆಗಿದ್ಲು. ನನ್ನ ಕೈಯಾಗ ಆಗಿದ್ಲು. ಕಣ್ಣಿಂದ ಒಂದ್ ಬ್ಯಾಡ ಅಂದ್ರ ನಾ ಹಂಗ ಮನೀಗೆ ಕರಕೊಂಡು ಹೋಗಿ ಮತ್ತ ಅದೇ ಗಂಜಿ ಕುಡಸ್ಬೇಕಿತ್ತೇನು?" ಅವರ ದನಿ ಏರಿತು. ಹಾದುಹೋಗುತ್ತಿದ್ದ ನರ್ಸ್ ತಿರುಗಿ ನೋಡಿದಳು. ಭಾವ ಗೋಡೆಗೆ ತಿರುಗಿ ನಿಂತರು.

ಮಧ್ಯಾಹ್ನ ಅಕ್ಕನನ್ನು ವಾರ್ಡಿಗೆ ತಂದರು. ನಾನು ಅವಳ ಹಾಸಿಗೆಯ ಪಕ್ಕದ ಸ್ಟೂಲಿನ ಮೇಲೆ ಕೂತು ಲ್ಯಾಪ್‌ಟಾಪ್ ತೆರೆದೆ. ಎಲ್ಲ ಪ್ರೋಗ್ರಾಮುಗಳು ಹಂಚಿಕೊಳ್ಳುವ ಜಾಗದಲ್ಲಿದ್ದ ಹೊಸ ಫೈಲನ್ನು ಮುಟ್ಟಲಿಲ್ಲ. ಹಲಗೆಯದೇ ಫೋಲ್ಡರಿನೊಳಗೆ ಹಳೆಯ ಫೈಲುಗಳನ್ನು ಹಾಕಿ, ಬೇರೆಲ್ಲೂ ಹುಡುಕಬೇಡ, ಇಲ್ಲೇ ನೋಡು ಎಂದು ಪ್ರೋಗ್ರಾಮಿಗೆ ಹೇಳಿಕೊಟ್ಟೆ. ಮೊದಲ ಸಲ ಇನ್ನೊಂದು ಫೈಲಿಲ್ಲ ಎಂದಿತು. ಅದನ್ನೂ ಹಾಕಿದೆ. ಆಗ ಹಲಗೆ ತೆರೆಯಿತು, ಆದರೆ ಅಕ್ಷರಗಳು ಒಡೆದಿದ್ದವು. ಒತ್ತಕ್ಷರಗಳು ಕೆಳಗೆ ಇಳಿಯದೆ ಪಕ್ಕಕ್ಕೆ ಬಂದು ನಿಂತಿದ್ದವು. ಅಕ್ಷರ ಜೋಡಿಸುವ ಲೈಬ್ರರಿ ಬೇರೆಯದೇ ಇತ್ತು, ಅದರ ಹಳೆಯ ಪ್ರತಿಯನ್ನು ನಾನು ತಂದಿರಲಿಲ್ಲ. ಅಕ್ಕ ಪರದೆಯನ್ನೇ ನೋಡುತ್ತಿದ್ದಳು. ಅವಳ ಬೆರಳಿನ ಕೆಳಗೆ ಸ್ವಿಚ್ಚಿಟ್ಟೆ. ಮಗಳು ಹಾಸಿಗೆಯ ಆ ಕಡೆ, ಭಾವ ಕಾಲ ಬಳಿ.

ಹಳದಿ ಚೌಕ ಸರಿಯತೊಡಗಿತು. ಅಕ್ಷರ ಅಕ್ಷರವಾಗಿ, ಬಹಳ ಹೊತ್ತು ತೆಗೆದುಕೊಂಡು ಅವಳು ಬರೆದಳು. ಅಕ್ಷರ ಒಡೆದಿದ್ದರೂ ಓದಬಹುದಿತ್ತು.

"ನಾ ಬ್ಯಾಡ ಅಂದಿದ್ದೆ."

ಭಾವ ಓದಿದರು. ವಾರ್ಡಿನ ಹೊರಗೆ ಹೋದರು. ಅಕ್ಕ ಕಣ್ಣು ಮುಚ್ಚಿದಳು. ಮಗಳಿಗೆ ಆ ಒಡೆದ ಅಕ್ಷರ ಓದಲು ಬರಲಿಲ್ಲ. "ಏನ ಬರದ್ಲು ಮೌಶಿ?" ಎಂದು ನನ್ನ ತೋಳು ಹಿಡಿದು ಕೇಳಿದಳು. ಓದಿ ಹೇಳಿದೆ. ಹೇಳದೆ ಇರುವುದು ಸರಿಯಲ್ಲ ಎನಿಸಿತು.

ಮನೆಗೆ ಬಂದ ಮೇಲಿನ ವಾರಗಳು ಕಠಿಣವಾಗಿದ್ದವು. ಅಕ್ಷರದ ತೊಂದರೆ ಮರುದಿನವೇ ಸರಿಹೋಯಿತು. ಅಕ್ಕ ನನ್ನ ಜೊತೆ, ಮಗಳ ಜೊತೆ ಮೊದಲಿನಂತೆ ಬರೆದು ಮಾತಾಡುತ್ತಿದ್ದಳು. ಭಾವ ಹತ್ತಿರ ಬಂದರೆ ಮಾತ್ರ ಹಿಡಿದಿಟ್ಟ ದನಿಯ ಬಟನ್ನುಗಳನ್ನಷ್ಟೇ ಒತ್ತುತ್ತಿದ್ದಳು. ಫ್ಯಾನ್ ಸಣ್ಣ ಮಾಡ್ರಿ. ನೀರು ಬೇಕಾಗಿರಲಿಲ್ಲ, ನೀರೂ ಈಗ ನಳಿಕೆಯಿಂದಲೇ ಹೋಗುತ್ತಿತ್ತು. ಅವರಿಗೆಂದು ಒಂದು ಸಾಲನ್ನೂ ಬರೆಯಲಿಲ್ಲ. ಬೈಯುವ ಮಾತುಗಳನ್ನೂ ಒತ್ತಲಿಲ್ಲ. ಒತ್ತಿದ್ದರೆ ಭಾವನಿಗೆ ಹಗುರಾಗುತ್ತಿತ್ತೇನೋ.

ಭಾವ ಪಾಳಿ ಬದಲಿಸಿಕೊಂಡು ಹಗಲು ಹೆಚ್ಚು ಮನೆಯಲ್ಲಿರತೊಡಗಿದರು. ನಳಿಕೆಗೆ ಆಹಾರ ಹಾಕುವುದು, ತೊಳೆಯುವುದು, ಸುತ್ತಲಿನ ಚರ್ಮ ಒರೆಸುವುದು ಎಲ್ಲವನ್ನೂ ತಾವೇ ಮಾಡಿದರು, ಬೇರೆ ಯಾರಿಗೂ ಬಿಡಲಿಲ್ಲ. ಅಕ್ಕನ ಕೆನ್ನೆ ಮತ್ತೆ ಸ್ವಲ್ಪ ತುಂಬಿಕೊಂಡಿತು. ನೋಡಲು ಬಂದವರು, ಎಷ್ಟು ಒಳ್ಳೆಯದಾಯಿತು, ಬರೋಬರ್ ಟೈಮಿಗೆ ಹಾಕಿಸಿದ್ರಿ ಎನ್ನುತ್ತಿದ್ದರು. ಭಾವ ಆಗ ಅಡುಗೆಮನೆಗೆ ಎದ್ದು ಹೋಗುತ್ತಿದ್ದರು.

ಒಂದು ಸಂಜೆ ನಾನು ಹೋದಾಗ ಅವರು ಅವಳ ಮುಂದೆ ಕುರ್ಚಿ ಹಾಕಿಕೊಂಡು ಕೂತಿದ್ದರು. ಹಲಗೆಯನ್ನು ಪಕ್ಕಕ್ಕೆ ಸರಿಸಿದ್ದರು. ನಾನು ಬಾಗಿಲಲ್ಲೇ ನಿಂತೆ.

"ನನ್ನ ಮ್ಯಾಲೆ ಸಿಟ್ಟ ಐತೇನು?" ಎಂದು ಕೇಳಿದರು.

ಅಕ್ಕ ಕಣ್ಣು ಮೇಲೆತ್ತಿದಳು.

"ಇರಲಿ. ಇರಾಕ ಬೇಕು. ಅವತ್ತ ನಂಗ ತಿಳದಿತ್ತು. ನೀ ಬ್ಯಾಡ ಅಂದದ್ದು ತಿಳದಿತ್ತು. ಸುಸ್ತು ಅಂತ ಎಲ್ಲಾರಿಗೂ ಸುಳ್ಳ ಹೇಳಿದೆ. ನಂಗ ಹೆದರಿಕಿ ಆಗಿತ್ತು" ಎಂದರು.

ಅಕ್ಕ ಅವರನ್ನು ಬಹಳ ಹೊತ್ತು ನೋಡಿದಳು. ಆಮೇಲೆ ಅವಳ ನೋಟ ಹಲಗೆಯ ಕಡೆ ಹೋಯಿತು. ಭಾವ ಅದನ್ನು ಎಳೆದು ಅವಳ ಮುಂದಿಟ್ಟು, ಬೆರಳನ್ನು ತಾವೇ ಎತ್ತಿ ಸ್ವಿಚ್ಚಿನ ಮೇಲೆ ಇಟ್ಟರು. ಅವಳು ಬರೆದದ್ದು ಒಂದೇ ಸಾಲು: "ಇನ್ನೊಮ್ಮೆ ಹಂಗ ಮಾಡಬ್ಯಾಡ್ರಿ." ಭಾವ ತಲೆ ಆಡಿಸಿದರು. ನಾನು ಒಳಗೆ ಹೋಗದೆ ಮೆಟ್ಟಿಲಿಳಿದು ಕೆಳಗೆ ಬಂದು ಸ್ವಲ್ಪ ಹೊತ್ತು ನಿಂತೆ.

ಆ ಚಳಿಗಾಲದಲ್ಲಿ ಮಗಳ ಕಾಲೇಜಿನ ಪ್ರದರ್ಶನವಿತ್ತು. ಅಕ್ಕನನ್ನು ಗಾಲಿಕುರ್ಚಿಯಲ್ಲಿ ಕರೆದುಕೊಂಡು ಹೋದೆವು. ಮಗಳು ಮಾಡಿದ್ದು ಒಂದು ಪುಟ್ಟ ಮನೆಯ ಮಾದರಿ. ಎಲ್ಲ ಬಾಗಿಲೂ ಗಾಲಿಕುರ್ಚಿ ಹಾಯುವಷ್ಟು ಅಗಲ. ಅಕ್ಕ ಅದರ ಮುಂದೆ ಬಹಳ ಹೊತ್ತು ಇದ್ದಳು. ಮರಳಿ ಬರುವಾಗ, ನಳಿಕೆ ಇಲ್ಲದಿದ್ದರೆ ಈ ದಿನ ಅವಳು ಇರುತ್ತಿರಲಿಲ್ಲ ಎಂಬ ಮಾತು ನಮ್ಮೆಲ್ಲರ ತಲೆಯಲ್ಲೂ ಇತ್ತು. ಯಾರೂ ಆಡಲಿಲ್ಲ. ಮನೆಯಲ್ಲಿ ನಾವಿಬ್ಬರೇ ಇದ್ದಾಗ ನಾನು ಕೇಳಿಯೇ ಬಿಟ್ಟೆ.

"ಅಕ್ಕಾ, ಈಗ ಏನ ಅನಸ್ತೈತಿ? ಹಾಕಿಸಿದ್ದು ಛಲೋ ಆತೇನು?"

ಅವಳು ಬರೆದಳು: "ಕೇಳಬ್ಯಾಡ."

ಬೇಸಿಗೆಯ ಮೊದಲಲ್ಲಿ ಉಸಿರಾಡುವ ಶಕ್ತಿ ಕುಸಿಯಿತು. ಗಂಟಲಿಗೆ ರಂಧ್ರ ಮಾಡಿ ಯಂತ್ರಕ್ಕೆ ಜೋಡಿಸಬಹುದು ಎಂದು ವೈದ್ಯರು ಮನೆಗೇ ಬಂದು ಹೇಳಿದರು. ಭಾವ ಹಲಗೆಯನ್ನು ಅವಳ ಮುಂದಿಟ್ಟು, ಅದರ ಜೊತೆಗೆ ಅವಳ ಕಣ್ಣು ಕಾಣುವ ಹಾಗೆ ಎದುರಿಗೆ ಕೂತರು. ಬೆರಳು ಆ ಹೊತ್ತಿಗೆ ಬಹಳ ಸೋತಿತ್ತು. ಹಳದಿ ಚೌಕ ಪರದೆಯನ್ನು ಸುತ್ತಿ ಸುತ್ತಿ ಬಂದಿತು. ಕೊನೆಗೆ ಅಕ್ಕನ ಹಳೆಯ ದನಿ ಕೋಣೆಯಲ್ಲಿ ಕೇಳಿಸಿತು: "ಬ್ಯಾಡ." ಅವಳು ರೆಪ್ಪೆ ಮುಚ್ಚಿ ಹಿಡಿದಳು.

ಭಾವ ವೈದ್ಯರ ಕಡೆ ತಿರುಗಿದರು. "ನಕೋ ಮ್ಹಣತೆ ತೀ," ಎಂದರು. ಅವಳು ಬೇಡ ಅಂತಾಳೆ. ವೈದ್ಯರು ಇನ್ನೊಮ್ಮೆ ಯೋಚಿಸಿ ಎಂದರು. "ಅಕಿ ಯೋಚಿಸ್ಯಾಳ," ಎಂದು ಭಾವ ಕನ್ನಡದಲ್ಲೇ ಹೇಳಿದರು, ವೈದ್ಯರಿಗೆ ಅದು ತಿಳಿಯುವುದಿಲ್ಲ ಎಂಬುದೂ ಅವರಿಗೆ ಹೊಳೆಯಲಿಲ್ಲ. ನಾನು ಮರಾಠಿಯಲ್ಲಿ ಹೇಳಿದೆ.

ಅಕ್ಕ ಅದೇ ಬೇಸಿಗೆಯಲ್ಲಿ, ಮನೆಯಲ್ಲಿ, ಮಧ್ಯಾಹ್ನದ ನಿದ್ದೆಯಲ್ಲಿ ಹೋದಳು. ಕೂಲರ್ ಓಡುತ್ತಿತ್ತು. ಭಾವ ಪಕ್ಕದಲ್ಲೇ ಇದ್ದರು.

ಈಗಲೂ ವಾರಕ್ಕೊಮ್ಮೆ ಆ ಮನೆಗೆ ಹೋಗುತ್ತೇನೆ. ಮಗಳಿಗೆ ಪುಣೆಯಲ್ಲಿ ಕೆಲಸ ಸಿಕ್ಕಿತ್ತು, ಅವಳು ಹೋಗಲಿಲ್ಲ. ಇಲ್ಲೇ ಒಂದು ಸಣ್ಣ ಕಚೇರಿ ಸೇರಿದ್ದಾಳೆ. ಅದಕ್ಕೆ ಕಾರಣ ಬಾಬಾ ಒಬ್ಬರೇ ಆಗುತ್ತಾರೆ ಎಂದು ಹೇಳುತ್ತಾಳೆ. ಅಷ್ಟೇ ಅಲ್ಲ ಎಂದು ನನಗನಿಸುತ್ತದೆ. ಮೊನ್ನೆ ಚಹಾ ಕುಡಿಯುವಾಗ ಅವಳು ನನ್ನ ಮುಖ ನೋಡದೆ ಕೇಳಿದಳು.

"ಅವತ್ತ ಹಲಗಿ ಓಪನ್ ಆಗಿದ್ರ, ಆಯಿ ಗಂಜಿ ಕುಡಿಯೂಕಿಂತ ಮೊದಲ ನಳಿಕಿ ಬ್ಯಾಡ ಅಂದಿರ್ತಿದ್ಲು. ಹೌದಲ್ಲ ಮೌಶಿ? ಆಮ್ಯಾಲೆ ಎಲ್ಲಾ ಬ್ಯಾರೆ ಆಗಿರ್ತಿತ್ತು."

"ಆಗಿರ್ತಿತ್ತು" ಎಂದೆ.

"ನನ್ನ ಪ್ರದರ್ಶನ ನೋಡಾಕ ಅಕಿ ಇರ್ತಿರಲಿಲ್ಲ."

"ಇರ್ತಿರಲಿಲ್ಲ ಅನಸ್ತೈತಿ."

ಭಾವ ಒಳಗಿನ ಕೋಣೆಯಲ್ಲಿದ್ದರು. ಅವರಿಗೆ ಕೇಳಿಸಿತೋ ಇಲ್ಲವೋ ತಿಳಿಯದು. ಮಗಳು ಚಹಾ ಮುಗಿಸಿ, ಎರಡೂ ಕಪ್ಪು ಎತ್ತಿಕೊಂಡು ತೊಳೆಯಲು ಹೋದಳು. ನಾನೂ ಎದ್ದು ಅವಳ ಪಕ್ಕ ನಿಂತು, ತೊಳೆದ ಕಪ್ಪುಗಳನ್ನು ಒರೆಸಿಟ್ಟೆ.